ಎರಡು ಬೋರ್ ಹೋದವು. ಮೂರನೆಯದು ಕೊರೆಸೋದಾ, ಹೊಂಡ ತೋಡೋದಾ?

ಕೆಂಪುಮಣ್ಣು

ಎಲ್ಲರಿಗೂ ನಮಸ್ಕಾರ. ಇಲ್ಲಿ ಓದುತ್ತಾ ಎರಡು ವರ್ಷ ಆಯ್ತು, ಬರೆಯೋದು ಇದೇ ಮೊದಲು. ಊರು ಚಿಂತಾಮಣಿ ತಾಲ್ಲೂಕು. 2 ಎಕರೆ ಕೆಂಪು ಮಣ್ಣು, ಮನೆಯಲ್ಲಿ ಐದು ಜನ, ಎರಡು ಸೀಮೆಹಸು.

ಮೊದಲನೇ ಬೋರ್ 650 ಅಡಿ. ಏಳು ವರ್ಷ ಚೆನ್ನಾಗಿ ಬಂದು ನಿಂತಿತು. ಎರಡನೆಯದು 1,180 ಅಡಿ. ಮೂರು ವರ್ಷ ಒಂದೂವರೆ ಇಂಚು ನೀರು ಕೊಟ್ಟಿತು. ಈಗ ಸ್ಟಾರ್ಟರ್ ಒತ್ತಿದರೆ ಹತ್ತು ನಿಮಿಷ ನೀರು, ಆಮೇಲೆ ಬುಸ್ ಅಂತ ಗಾಳಿ.

ಅಪ್ಪ ಮೂರನೆಯದು ಕೊರೆಸಲೇಬೇಕು ಅಂತ ಕೂತಿದ್ದಾರೆ. ಕಳೆದ ವಾರ ಒಬ್ಬರನ್ನು ಕರೆಸಿದ್ದರು. ಅಂಗೈ ಮೇಲೆ ತೆಂಗಿನಕಾಯಿ ಮಲಗಿಸಿಕೊಂಡು ಹೊಲವೆಲ್ಲ ಓಡಾಡಿದರು. ಹುಣಸೆಮರದ ಮೂಲೆಯಲ್ಲಿ ಕಾಯಿ ಎದ್ದು ನಿಂತಿತು. 1,400 ಅಡಿಗೆ ನೀರು ಗ್ಯಾರಂಟಿ ಅಂದರು. ಕೊರೆತ, ಕೇಸಿಂಗ್, ಕೇಬಲ್, ಮೋಟರ್ ಎಲ್ಲ ಸೇರಿ 5 ಲಕ್ಷಕ್ಕೆ ಕಮ್ಮಿ ಆಗಲ್ಲ. ಹೆಂಡತಿಯ ಒಡವೆ ಅಡ ಇಡಬೇಕು. ಹಳೇ ಸಾಲ ಇನ್ನೂ ಇದೆ.

ಮಳೆ ನೀರು ಹಿಡಿಯೋಕೆ ಕೃಷಿ ಹೊಂಡ ತೋಡಿಸು ಅಂತ ಕೆಲವರು ಹೇಳ್ತಾರೆ. ನಮ್ಮ ಮಾವ ಅದನ್ನು ‘ಸೊಳ್ಳೆ ಸಾಕೋ ಗುಂಡಿ’ ಅಂತಾರೆ. ದಯವಿಟ್ಟು ಯಾರಾದರೂ ಲೆಕ್ಕ ಇಟ್ಟು ಹೇಳಿ. ಧೈರ್ಯ ಹೇಳೋರು ಊರಲ್ಲಿ ಬೇಕಾದಷ್ಟು ಜನ ಇದ್ದಾರೆ.

ಡ್ರಿಪ್_ಮೇಸ್ತ್ರಿ

ತೆಂಗಿನಕಾಯಿಯಲ್ಲಿ ಗ್ಯಾರಂಟಿ ನೀರು ಇರೋದು ಅದರ ಹೊಟ್ಟೆಯೊಳಗೆ ಮಾತ್ರ ಅಣ್ಣ 🙂

ತಮಾಷೆ ಬಿಡಿ. ತುಮಕೂರು, ಚಿಕ್ಕಬಳ್ಳಾಪುರ ಕಡೆ ಹನ್ನೆರಡು ವರ್ಷದಿಂದ ಡ್ರಿಪ್ (ಹನಿ ನೀರಾವರಿ) ಜೋಡಿಸ್ತಾ ಇದ್ದೀನಿ. ನೆಲದೊಳಗೆ ಕೆರೆ ಇದೆ, ಚುಚ್ಚಿದರೆ ಸಿಗುತ್ತೆ ಅಂತ ಜನ ಅಂದುಕೊಂಡಿದ್ದಾರೆ. ನಮ್ಮ ಕಡೆ ಇರೋದು ಗಟ್ಟಿ ಬಂಡೆ. ನೀರು ಇರೋದು ಮೇಲಿನ ಕೊಳೆತ ಕಲ್ಲಿನ ಪದರದಲ್ಲಿ, ಅದರ ಕೆಳಗೆ ಬಂಡೆಯ ಬಿರುಕಿನಲ್ಲಿ. ಮೇಲಿನ ಪದರ ನಮ್ಮ ತಾತಂದಿರ ಬಾವಿ ಬತ್ತಿದಾಗಲೇ ಖಾಲಿ ಆಯ್ತು. ಆಳಕ್ಕೆ ಹೋದಷ್ಟೂ ಬಿರುಕು ಕಮ್ಮಿ. ಸಿಕ್ಕರೂ ಅದು ಎಷ್ಟೋ ವರ್ಷದ ಹಳೇ ನೀರು, ತೆಗೆದಷ್ಟು ಬೇಗ ತುಂಬಲ್ಲ. ಹಂಗಾಗಿ 650 ಅಡಿಯದು ಏಳು ವರ್ಷ ಬಂತು, 1,180 ಅಡಿಯದು ಮೂರೇ ವರ್ಷ.

ಎರಡು ವಿಷಯ ಹೇಳಿ. ಬೋರ್ ನಿಂತಾಗ ಹೊಲದಲ್ಲಿ ಏನು ಬೆಳೆ ಇತ್ತು? ಸುತ್ತಮುತ್ತ ಎಷ್ಟು ಬೋರ್ ಇವೆ?

ಕೆಂಪುಮಣ್ಣು

ಟೊಮೇಟೊ. ಒಂದು ಎಕರೆಗೆ ಟೊಮೇಟೊ, ಅರ್ಧ ಎಕರೆಗೆ ಜೋಳದ ಮೇವು, ಉಳಿದದ್ದು ರಾಗಿ. 2023ರ ಜುಲೈನಲ್ಲಿ ಕೋಲಾರದಲ್ಲಿ 15 ಕೆ.ಜಿ. ಬಾಕ್ಸ್ ಎರಡು ಸಾವಿರ ದಾಟಿದ್ದು ನೋಡಿ ತಲೆಕೆಟ್ಟು ಮುಂದಿನ ವರ್ಷ ಇನ್ನೂ ಅರ್ಧ ಎಕರೆ ಜಾಸ್ತಿ ಹಾಕಿದೆವು. ಆಮೇಲೆ ಆಗಿದ್ದು ನಿಮಗೆ ಗೊತ್ತೇ ಇದೆ.

ಬೋರ್ ಎಣಿಸಲಿಕ್ಕೆ ಹೋದೆ. ನಮ್ಮ ಬದುವಿನ ಮೇಲೆ ನಿಂತರೆ ಕಣ್ಣಿಗೆ ಕಾಣೋ ಅಷ್ಟರಲ್ಲಿ ಹನ್ನೊಂದು. ನೀರು ಬರ್ತಿರೋದು ನಾಲ್ಕು. ಆ ನಾಲ್ಕರಲ್ಲಿ ಮೂರು ಒಬ್ಬರದೇ.

ಹಳೇತೂಬು

ನೋಡಪ್ಪ, ಲೆಕ್ಕ ಕೇಳಿದೆಯಲ್ಲ. ನಾನು ಮುಳಬಾಗಿಲು ಕಡೆ ಮೇಷ್ಟ್ರಾಗಿದ್ದವನು, ಲೆಕ್ಕ ಹೇಳದೆ ನಿದ್ದೆ ಬರಲ್ಲ.

ಒಂದು ಚದರ ಮೀಟರ್ ಮೇಲೆ 1 ಮಿ.ಮೀ. ಮಳೆ ಅಂದರೆ 1 ಲೀಟರ್. ಇಷ್ಟು ನೆನಪಿಟ್ಟುಕೊಂಡರೆ ಸಾಕು. ಎಕರೆ ಅಂದರೆ 4,047 ಚದರ ಮೀಟರ್. ಒಂದು ಇಂಚು ಮಳೆ ಬಂದರೆ ಎಕರೆಗೆ ಒಂದು ಲಕ್ಷ ಲೀಟರ್ ಚಿಲ್ಲರೆ. ನಿಮ್ಮ ಕಡೆ ವರ್ಷದ ಮಳೆ 700 ಮಿ.ಮೀ. ಆಸುಪಾಸು. ಅಂದರೆ ನಿನ್ನ 2 ಎಕರೆ ಮೇಲೆ ಪ್ರತಿ ವರ್ಷ ಸುಮಾರು 56 ಲಕ್ಷ ಲೀಟರ್ ಬೀಳುತ್ತೆ. ಜಾಸ್ತಿ ಪಾಲು ಮಣ್ಣಿಗೆ, ಗಾಳಿಗೆ ಹೋಗುತ್ತೆ, ಹೋಗಲಿ. ಹತ್ತರಲ್ಲಿ ಒಂದು ಪಾಲು ಹರಿದು ಬಂದರೂ 5.6 ಲಕ್ಷ ಲೀಟರ್.

ಈಗ ಹೊಂಡ. 12 ಮೀಟರ್ ಉದ್ದ, 12 ಅಗಲ, 3 ಆಳ. ಬಾಯಿಗೆ ಆಳ ಗುಣಿಸಿ 432 ಘನ ಮೀಟರ್ ಅನ್ನಬೇಡ. ಗೋಡೆ ಕುಸಿಯದ ಹಾಗೆ ಇಳಿಜಾರು ಬಿಡಬೇಕು. ಒಂದಕ್ಕೆ ಒಂದು ಇಳಿಜಾರು, ಅಂದರೆ ಒಂದು ಮೀಟರ್ ಆಳಕ್ಕೆ ಒಂದು ಮೀಟರ್ ಒಳಕ್ಕೆ ಬಿಟ್ಟರೆ ತಳ 6×6 ಆಗುತ್ತೆ. ಹಿಡಿಯೋದು 252 ಘನ ಮೀಟರ್, ಅಂದರೆ ಎರಡೂವರೆ ಲಕ್ಷ ಲೀಟರ್. ಎಷ್ಟೋ ಜನಕ್ಕೆ ಮೋಸ ಆಗೋದು ಇಲ್ಲೇ, ಗುತ್ತಿಗೆಯವನು ಬಾಯಿಯ ಅಳತೆ ಮಾತ್ರ ಹೇಳ್ತಾನೆ.

ಇದರಲ್ಲಿ ಟೊಮೇಟೊ ಬೆಳೀತೀಯಾ? ಬಿಸಿಲುಗಾಲದಲ್ಲಿ ದಿನಕ್ಕೆ 5 ಮಿ.ಮೀ. ಅಂತ ಹಿಡಿ. ಎಕರೆಗೆ 20,000 ಲೀಟರ್. ಹನ್ನೆರಡು ದಿನಕ್ಕೆ ಹೊಂಡ ಬರಿದು. ಆದ್ದರಿಂದ ಹೊಂಡ ಬೋರಿನ ಬದಲಿ ಅಲ್ಲವೇ ಅಲ್ಲ. ಹಾಗಂತ ಹೇಳಿದವರು ಸುಳ್ಳು ಹೇಳಿದ್ದಾರೆ.

ರಾಗಿಗೆ ಬಾ. ತೆಂಡೆ ಒಡೆಯುವಾಗ, ತೆನೆ ಹೊರಡುವಾಗ ಮಳೆ ಕೈಕೊಟ್ಟರೆ ಇಳುವರಿ ಅರ್ಧಕ್ಕೆ ಕೂರುತ್ತೆ. ಉತ್ತರೆ ಹೋಗಿ ಹಸ್ತ ಬಂದರೂ ಆಕಾಶ ಬಿಳೀ ಇದ್ದರೆ ಆಗ ಒಂದು ಇಂಚು ನೀರು ಕೊಟ್ಟರೆ ಸಾಕು. ಎಕರೆಗೆ ಒಂದು ಲಕ್ಷ ಲೀಟರ್. ಎರಡು ಎಕರೆ ರಾಗಿಯೂ ಉಳೀತು, ಹೊಂಡದಲ್ಲಿ ಇನ್ನೂ ಅರ್ಧ ಲಕ್ಷ ಲೀಟರ್ ಮಿಕ್ಕಿತು. ರಾಗಿ ನಡುವೆ ಹಾಕೋ ಅಕ್ಕಡಿ ಸಾಲಿನ ಅವರೆ, ತೊಗರಿ ಅದೇ ನೀರಲ್ಲಿ ಬರುತ್ತೆ.

ಕೆಂಪುಮಣ್ಣು

ಸರ್, ಇದನ್ನು ಅಪ್ಪನಿಗೆ ಓದಿ ಹೇಳಿದೆ. ‘ರಾಗಿಯಲ್ಲಿ ಸಾಲ ತೀರುತ್ತಾ ಕೇಳು’ ಅಂದರು.

ಸೊಪ್ಪಿನಕ್ಕ

ನಿಮ್ಮ ಅಪ್ಪ ಕೇಳಿದ್ದೇ ಸರಿಯಾದ ಪ್ರಶ್ನೆ. ರಾಗಿಯಲ್ಲಿ ಹೊಟ್ಟೆ ತುಂಬುತ್ತೆ, ಹಸುವಿಗೆ ಹುಲ್ಲಾಗುತ್ತೆ, ಸಾಲ ತೀರಲ್ಲ.

ನಮ್ಮದು ಶಿಡ್ಲಘಟ್ಟ ಕಡೆ, ಒಂದೂವರೆ ಎಕರೆ, ರೇಷ್ಮೆ. ನಾವು ಬೋರ್ ನಿಂತ ಮೇಲೆ ಸಾಲು ಹಿಪ್ಪುನೇರಳೆ ಕಿತ್ತು ಮರ ಪದ್ಧತಿ ಮಾಡಿದೆವು. ಗಿಡದಿಂದ ಗಿಡಕ್ಕೆ 10 ಅಡಿ. ಮೊದಲ ಎರಡು ವರ್ಷ ಜನ ನಕ್ಕರು, ಹೊಲ ಖಾಲಿ ಬಿಟ್ಟಿದ್ದಾಳೆ ಅಂತ. ಬೇರು ಇಳಿದ ಮೇಲೆ ಗಿಡದ ಬುಡಕ್ಕೆ ಮಾತ್ರ ನೀರು. ವರ್ಷಕ್ಕೆ ಮಾಡೋ ಬೆಳೆ ಕಮ್ಮಿ ಆಯ್ತು ನಿಜ, ಆದರೆ ನೀರಿಲ್ಲದೆ ಹುಳ ಎತ್ತಿ ಎಸೆಯೋ ಪಾಡು ತಪ್ಪಿತು. ಹುಳ ನಾಲ್ಕನೇ ಜ್ವರದಿಂದ (ಪೊರೆ ಬಿಟ್ಟು) ಎದ್ದು ಸೊಪ್ಪಿಗೆ ಬಾಯಿ ಬಿಡ್ತಿರುವಾಗ ತೋಟ ಒಣಗಿ ನಿಂತಿದ್ದನ್ನು ಒಂದು ಸಲ ನೋಡಿದ್ದೀನಿ, ಇನ್ನೊಂದು ಸಲ ಬೇಡ.

ಹೊಂಡದ ಬಗ್ಗೆ ನನ್ನ ಅನುಭವ ಹೇಳ್ತೀನಿ, ಯಾರೂ ಹೇಳದೇ ಇರೋದು. ನಮ್ಮದು ಸಹಾಯಧನದಲ್ಲಿ ಆಗಿದ್ದು. 2014ರಲ್ಲಿ ಸರ್ಕಾರದ ಕೃಷಿಭಾಗ್ಯ ಯೋಜನೆ ಶುರುವಾದಾಗ ಹೊಂಡ, ಅದಕ್ಕೆ ಹಾಸೋ ಪ್ಲಾಸ್ಟಿಕ್ ಹಾಳೆ, ಪಂಪು, ಹನಿ ನೀರಾವರಿ ಎಲ್ಲ ಒಟ್ಟಿಗೆ ಕೊಡ್ತಿದ್ದರು. ಹಾಳೆ ಹಾಸುವವರು ಸಂಜೆ ಬಂದು ಆತುರದಲ್ಲಿ ಹಾಸಿ ಹೋದರು. ಕೆಳಗೆ ಚೂಪುಗಲ್ಲು ಆರಿಸಿರಲಿಲ್ಲ. ಮೊದಲ ಮಳೆಗೆ ಹೊಂಡ ತುಂಬಿತು, ಎಂಟನೇ ದಿನ ಮೊಣಕಾಲುದ್ದ ನೀರು. ನಾನೇ ಇಳಿದು ಕೈಯಾಡಿಸಿ ಹುಡುಕಿದೆ. ಬಳಪದ ತುದಿಯಷ್ಟು ತೂತು, ಅಂಥವು ಹದಿನಾಲ್ಕು. ಅದಕ್ಕೇ ಹೇಳೋದು, ಹಾಳೆ ಹಾಸುವ ಮುಂಚೆ ಬರಿಗಾಲಲ್ಲಿ ಹೊಂಡದೊಳಗೆ ನಡೆದಾಡಿ. ಕಾಲಿಗೆ ಚುಚ್ಚಿದ್ದು ಹಾಳೆಗೂ ಚುಚ್ಚುತ್ತೆ. ಕೆರೆಯ ಹೂಳುಮಣ್ಣೋ ಮರಳೋ ಎರಡು ಇಂಚು ಹಾಕಿ, ಆಮೇಲೆ ಹಾಳೆ. ನೀರು ಒಳಗೆ ಬರೋ ಬಾಯಲ್ಲಿ ಒಂದು ಹೂಳುಗುಂಡಿ ಬಿಡಿ.

ಬೇಲಿ ಮಾತ್ರ ಆಮೇಲೆ ಮಾಡಿಸೋಣ ಅನ್ನಬೇಡಿ. ಹಾಳೆ ಮೇಲೆ ಕಾಲು ಜಾರಿದರೆ ದೊಡ್ಡವರಿಗೂ ಹತ್ತಲಿಕ್ಕೆ ಆಗಲ್ಲ. ನಾವು ಗಂಟು ಹಾಕಿದ ಹಗ್ಗ ನಾಲ್ಕೂ ಕಡೆ ಇಳಿಬಿಟ್ಟಿದ್ದೀವಿ. ಹಂಗೇ ನಿಂತುಹೋದ ಆ ಎರಡು ಬೋರಿನ ಬಾಯಿ ಮುಚ್ಚಿಸಿ, ಈಗಲೇ.

ಸೊಳ್ಳೆಗೆ ಮೀನು ಮರಿ ಬಿಡಿ. ನಿಮ್ಮ ಮಾವನಿಗೆ ಸಾರೂ ಆಗುತ್ತೆ.

ಲಿಲೋಂಗ್ವೆ_ಕನ್ನಡಿಗ

ಇಲ್ಲಿ ಆಫ್ರಿಕಾದ ಮಲಾವಿಯಲ್ಲಿ ಕೂತು ಈ ಚರ್ಚೆ ಓದ್ತಾ ಇದ್ದೆ. ಮೂಲ ಗೌರಿಬಿದನೂರು. ಪಂಪು, ಪೈಪು ಮಾರೋ ಕೆಲಸ, ಹಳ್ಳಿಹಳ್ಳಿ ಸುತ್ತುತ್ತೀನಿ.

ಇಲ್ಲಿನ ಸಣ್ಣ ರೈತರಿಗೂ ನಮ್ಮ ಹಾಗೇ ಒಂದೆರಡು ಎಕರೆ, ಒಂದೇ ಮಳೆಗಾಲ. ಮೆಕ್ಕೆಜೋಳ ಕೊಯ್ದ ಮೇಲೆ ತಗ್ಗಿನ ಜವುಗು ನೆಲದಲ್ಲಿ ತರಕಾರಿ ಮಾಡ್ತಾರೆ. ಅದಕ್ಕೆ ‘ದಿಂಬಾ’ ಅಂತಾರೆ. ಅಲ್ಲಿ ಒಂದು ಆಳುದ್ದ ತೋಡಿದರೆ ನೀರು. ಎತ್ತೋದು ಹತ್ತು ಲೀಟರಿನ ಕ್ಯಾನಿನಲ್ಲಿ. ಮೇಷ್ಟ್ರ ಲೆಕ್ಕದಲ್ಲೇ ನೋಡಿ, ಕಾಲು ಎಕರೆಗೆ ದಿನಕ್ಕೆ 5,000 ಲೀಟರ್, ಅಂದರೆ 500 ಕ್ಯಾನ್. ಹೊರೋರು ಯಾರು? ಹೆಂಗಸರು, ಶಾಲೆಯಿಂದ ಬಂದ ಮಕ್ಕಳು. ಹಾಗಾಗಿ ಇಲ್ಲಿ ತೋಟದ ಅಳತೆ ಅಂದರೆ ಮನೆಯವರ ಭುಜದ ಅಳತೆ.

ಇದಕ್ಕೆ ಅಂತ ಕಾಲಲ್ಲಿ ತುಳಿಯುವ ಪಂಪು ಇದೆ. ಹುಟ್ಟಿದ್ದು ಬಾಂಗ್ಲಾದೇಶದ ರಂಗಪುರ ಕಡೆ, 1980ರ ಆಸುಪಾಸು. ಗುನ್ನಾರ್ ಬಾರ್ನ್ಸ್ ಅನ್ನೋ ನಾರ್ವೆಯ ಎಂಜಿನಿಯರ್ ಮಾಡಿದ್ದು. ಎರಡು ಸಿಲಿಂಡರ್, ಎರಡು ಬಿದಿರು, ಮೆಟ್ಟಿಲು ಹತ್ತಿದ ಹಾಗೆ ತುಳೀತಾ ಇರೋದು. ಬಾಂಗ್ಲಾದಲ್ಲಿ ಹತ್ತು ಲಕ್ಷಕ್ಕೂ ಜಾಸ್ತಿ ಮಾರಾಟ ಆಯ್ತು. ಬಿಹಾರ, ಬಂಗಾಳ ಕಡೆ ‘ಕೃಷಕ್ ಬಂಧು’ ಅಂತ ಬಂತು. ಅಲ್ಲಿ ಅದನ್ನು ಬಿಟ್ಟಿ ಹಂಚಲಿಲ್ಲ, ಮಾರಿದರು. ಊರಿನ ವರ್ಕ್‌ಶಾಪಲ್ಲಿ ತಯಾರಾಗ್ತಿತ್ತು, ಊರಿನ ಮಿಸ್ತ್ರಿ ಕೂರಿಸ್ತಿದ್ದ, ವಾಷರ್ ಹೋದರೆ ಸಂತೆಯಲ್ಲಿ ಸಿಗ್ತಿತ್ತು.

ಇಲ್ಲಿ ನಾನು ಎಷ್ಟೋ ಹಳ್ಳಿಯಲ್ಲಿ ನೋಡಿದ್ದು ಉಲ್ಟಾ. ಯಾರೋ ಪುಕ್ಕಟೆ ಕೊಟ್ಟು ಫೋಟೋ ತೆಗೆಸಿಕೊಂಡು ಹೋದ ಪಂಪು ಕೋಳಿಗೂಡಿನ ಪಕ್ಕ ಬಿದ್ದಿರುತ್ತೆ. ಕೇಳಿದರೆ ಒಂದು ರಬ್ಬರ್ ವಾಷರ್ ಹೋಗಿದೆ, ಅಷ್ಟೇ. ಹೋದ ತಿಂಗಳು ಒಬ್ಬ ಅಜ್ಜಿ ಹಳೇ ಸೈಕಲ್ ಟ್ಯೂಬ್ ಕತ್ತರಿಸಿ ವಾಷರ್ ಮಾಡಿ ಓಡಿಸ್ತಾ ಇದ್ದಳು. ‘ಇದು ನಾನು ದುಡ್ಡು ಕೊಟ್ಟು ತಂದದ್ದು’ ಅಂದಳು.

ನಿಮಗೆ ಈ ಪಂಪು ಆಗಲ್ಲ, ಅದನ್ನೂ ಹೇಳಿಬಿಡ್ತೀನಿ. ಎಳೆಯೋ ಪಂಪು ಯಾವುದೇ ಆದರೂ ಏಳು ಮೀಟರಿಗಿಂತ ಕೆಳಗಿನ ನೀರನ್ನು ಎತ್ತಲ್ಲ. ಬೋರಿಗೆ ಬಿಡಿ, ಕನಸಲ್ಲೂ ಇಲ್ಲ. ಆದರೆ 3 ಮೀಟರ್ ಹೊಂಡದಿಂದ ಧಾರಾಳವಾಗಿ ಎತ್ತುತ್ತೆ 🙂 ಬೇಡ ಅಂದರೆ ಸಣ್ಣ ಸೀಮೆಎಣ್ಣೆ-ಪೆಟ್ರೋಲ್ ಪಂಪು ಬಾಡಿಗೆಗೆ ತನ್ನಿ. ಏನೇ ತಂದರೂ ಅದರ ವಾಷರ್ ಚಿಂತಾಮಣಿ ಪೇಟೆಯಲ್ಲಿ ಸಿಗುತ್ತಾ ನೋಡಿ ತನ್ನಿ.

ಬರದ_ಬಾಕಿ

ಎಲ್ಲ ಚೆನ್ನಾಗಿ ಬರೆದಿದ್ದೀರಿ. ನನಗೆ ಸಿಟ್ಟು ಬರ್ತಾ ಇದೆ, ಕ್ಷಮಿಸಿ.

2 ಎಕರೆಯವನಿಗೆ ರಾಗಿ ಬೆಳಿ, ಹೊಂಡ ತೋಡು, ಮೀನು ಬಿಡು ಅಂತ ಬುದ್ಧಿ ಹೇಳ್ತೀವಿ. ಪಕ್ಕದಲ್ಲಿ ಮೂರು ಬೋರ್ ಇಟ್ಟುಕೊಂಡವನಿಗೆ ಯಾರು ಹೇಳ್ತಾರೆ? 2008ರಿಂದ 10 ಎಚ್‌ಪಿವರೆಗೆ ಪಂಪ್‌ಸೆಟ್ಟಿಗೆ ಕರೆಂಟು ಉಚಿತ. ಅದರ ಲಾಭ ಯಾರಿಗೆ? ಬೋರಲ್ಲಿ ನೀರು ಇರೋನಿಗೆ. ಬೋರ್ ಬತ್ತಿದವನಿಗೆ ಉಚಿತ ಕರೆಂಟು ತಗೊಂಡು ಏನಾಗಬೇಕು? 2011ರಲ್ಲೇ ಅಂತರ್ಜಲ ಕಾಯ್ದೆ ಬಂದಿದೆ, ಅತಿಬಳಕೆಯ ತಾಲ್ಲೂಕಲ್ಲಿ ಅನುಮತಿ ಇಲ್ಲದೆ ಕೊರೆಸೋ ಹಾಗಿಲ್ಲ. ನಮ್ಮ ಊರಲ್ಲಿ ಬೋರ್ ಕೊರೆಯೋ ರಿಗ್ ಬರೋದು ರಾತ್ರಿ ಹತ್ತರ ಮೇಲೆ. ಬೆಳಗ್ಗೆ ರಸ್ತೆ ಬದಿ ಗಿಡದ ಮೇಲೆಲ್ಲ ಬಿಳೀ ಧೂಳು.

ಕೆಂಪುಮಣ್ಣು, ನಿಮ್ಮ ಅಪ್ಪನದು ಹಠ ಅಲ್ಲ. ತಾನು ಕೊರೆಸದಿದ್ದರೆ ಪಕ್ಕದವನು ಎಳೀತಾನೆ ಅನ್ನೋದು ಅವರಿಗೆ ಗೊತ್ತು.

ಹಳೇತೂಬು

ಸಿಟ್ಟು ನ್ಯಾಯವಾದ್ದೇ. ನಾನು ಚಿಕ್ಕವನಿದ್ದಾಗ ಕೆರೆ ನೀರು ಬಿಡೋಕೆ ನೀರಗಂಟಿ ಇದ್ದ. ತೂಬು ಎತ್ತೋದು, ಯಾರ ಗದ್ದೆಗೆ ಎಷ್ಟು ಹೊತ್ತು ಅನ್ನೋದು ಅವನ ಕೈಯಲ್ಲಿ. ಅಚ್ಚುಕಟ್ಟಿನ ಕೊನೆಯವನಿಗೂ ಸರದಿ ಬರ್ತಿತ್ತು. ಎಲ್ಲ ಸತ್ಯಯುಗ ಅಂತಲ್ಲ, ಅವನಿಗೆ ಕೊಡೋ ಕಾಳಿನಲ್ಲೂ ಜಾತಿ ನೋಡ್ತಿದ್ದರು, ಕೆರೆ ಹಿಂದೆ ಜಮೀನು ಇರೋರದೇ ದರ್ಬಾರು. ಆದರೂ ನೀರು ಕಣ್ಣಿಗೆ ಕಾಣ್ತಿತ್ತು, ಆದ್ದರಿಂದ ಜಗಳ ಆಡಬಹುದಿತ್ತು. ಈಗ ನೀರು ಎಲ್ಲಿದೆ, ಎಷ್ಟಿದೆ ಯಾರಿಗೂ ಕಾಣಲ್ಲ. ಜಗಳ ಆಡೋದು ಯಾರ ಜೊತೆ?

ಕಾಣೋ ಹಾಗೆ ಮಾಡಿದವರು ಇದ್ದಾರೆ. ದೂರ ಬೇಡ, ಪಕ್ಕದ ಚಿತ್ತೂರು, ಅನಂತಪುರ. 2000ರ ದಶಕದಲ್ಲಿ ಅಲ್ಲಿ ರೈತರೇ ಹದಿನೈದು ದಿನಕ್ಕೊಮ್ಮೆ ಬೋರಿಗೆ ಟೇಪು ಇಳಿಬಿಟ್ಟು ನೀರಿನ ಮಟ್ಟ ಅಳೀತಿದ್ದರು. ಊರಲ್ಲೇ ಮಳೆ ಮಾಪಕ. ಹಿಂಗಾರಿಗೆ ಮುಂಚೆ ಎಲ್ಲರೂ ಕೂತು, ನೆಲದಲ್ಲಿ ಇಷ್ಟಿದೆ, ಭತ್ತ ಹಾಕಿದರೆ ಇಷ್ಟು ಬೇಕು, ಕಡಲೆಕಾಯಿಗೆ ಇಷ್ಟು ಅಂತ ಗೋಡೆ ಮೇಲೆ ಬರೀತಿದ್ದರು. ದಂಡ ಇಲ್ಲ, ನಿಷೇಧ ಇಲ್ಲ. ಗೋಡೆ ನೋಡಿ ಎಷ್ಟೋ ಜನ ತಾವೇ ಭತ್ತ ಬಿಟ್ಟರು. ಮಹಾರಾಷ್ಟ್ರದ ಹಿವರೆ ಬಜಾರ್ ಅನ್ನೋ ಊರು ಇನ್ನೂ ಬಿಗಿ. ಪೋಪಟರಾವ್ ಪವಾರ್ ಸರಪಂಚ ಆದ ಮೇಲೆ ವ್ಯವಸಾಯಕ್ಕೆ ಬೋರ್ ಬೇಡ, ಕಬ್ಬು ಬಾಳೆ ಬೇಡ ಅಂತ ಗ್ರಾಮಸಭೆಯಲ್ಲೇ ತೀರ್ಮಾನ ಆಯ್ತು.

ಬರದ_ಬಾಕಿ

ಮೇಷ್ಟ್ರೇ, ಅದಕ್ಕೆಲ್ಲ ಊರು ಒಟ್ಟಾಗಬೇಕು. ನಮ್ಮ ಊರು ಒಟ್ಟಾಗೋದು ಜಾತ್ರೆಗೆ, ಅದೂ ಎರಡು ಗುಂಪಾಗಿ.

ಡ್ರಿಪ್_ಮೇಸ್ತ್ರಿ

😂 ನಿಜ.

ನನ್ನ ಹೊಟ್ಟೆಪಾಡಿಗೇ ಕಲ್ಲು ಹಾಕೋ ಒಂದು ಮಾತು ಹೇಳ್ತೀನಿ. ಡ್ರಿಪ್ ಹಾಕಿದರೆ ನೀರು ಉಳಿಯುತ್ತೆ ಅಂತ ಸಹಾಯಧನ ಕೊಡ್ತಾರೆ. ನಾನು ಹಾಕಿದ ಎಷ್ಟೋ ಕಡೆ ಉಳಿದ ನೀರಲ್ಲಿ ರೈತ ಇನ್ನೊಂದು ಎಕರೆ ಹಚ್ಚಿದ. ಎತ್ತೋ ನೀರು ಅಷ್ಟೇ, ಬೆಳೆ ಜಾಸ್ತಿ ಆಯ್ತು. ಅವನ ಜೇಬಿಗೆ ಒಳ್ಳೇದು, ನೆಲಕ್ಕೆ ಏನೂ ಉಳಿಯಲಿಲ್ಲ. ಸೋಲಾರ್ ಪಂಪೂ ಹಂಗೇ, ಬಿಸಿಲು ಇರೋವರೆಗೂ ಓಡ್ತಾ ಇರುತ್ತೆ, ಆಫ್ ಮಾಡೋಕೆ ಕಾರಣವೇ ಇಲ್ಲ. ಗುಜರಾತಿನ ಧುಂಡಿ ಅನ್ನೋ ಊರಲ್ಲಿ 2016ರಲ್ಲಿ ಕೆಲವು ರೈತರು ಸಹಕಾರ ಸಂಘ ಮಾಡಿಕೊಂಡು, ಪಂಪಿಗೆ ಬೇಡದ ಸೋಲಾರ್ ಕರೆಂಟನ್ನು ಗ್ರಿಡ್‌ಗೆ ಮಾರೋಕೆ ಶುರು ಮಾಡಿದರು. ಆಗ ಪಂಪು ನಿಲ್ಲಿಸಿದರೂ ದುಡ್ಡು. ಅದೊಂದು ಬುದ್ಧಿವಂತಿಕೆ ನನಗೆ ಇಷ್ಟ ಆಯ್ತು.

ಕೆಂಪುಮಣ್ಣು, ಹೊಂಡದ ನೀರಿಗೆ ಡ್ರಿಪ್ ಹಾಕೋದಾದರೆ ಪಾಚಿ ಬರುತ್ತೆ. ಬೋರ್ ನೀರಿಗೆ ಹಾಕಿದ ಸ್ಕ್ರೀನ್ ಫಿಲ್ಟರ್ ಸಾಲಲ್ಲ, ಮರಳು ಫಿಲ್ಟರ್ ಬೇಕು. ಲ್ಯಾಟರಲ್ (ಸಾಲಿನ ಸಣ್ಣ ಪೈಪು) ತುದಿ ವಾರಕ್ಕೊಮ್ಮೆ ಬಿಚ್ಚಿ ಬಿಡಿ, ಕಾಫಿ ಬಣ್ಣದ ನೀರು ಹೋಗಿ ತಿಳಿ ನೀರು ಬರೋವರೆಗೂ. ಅಳಿಲು ಕಚ್ಚೋದಕ್ಕೆ ನನ್ನ ಹತ್ತಿರ ಮದ್ದಿಲ್ಲ. ಹತ್ತಿರದಲ್ಲಿ ತಟ್ಟೆಯಲ್ಲಿ ಕುಡಿಯೋ ನೀರಿಟ್ಟರೆ ಸ್ವಲ್ಪ ಕಮ್ಮಿ ಕಚ್ಚುತ್ತವೆ.

ಪುತ್ತೂರು_ಅಡಿಕೆ

ನಮ್ಮಲ್ಲಿ 3,500 ಮಿ.ಮೀ. ಮಳೆ. ಆದರೂ ಮಾರ್ಚಿಗೆ ತೋಟಕ್ಕೆ ನೀರಿಲ್ಲ ಅಂದರೆ ನಿಮ್ಮ ಕಡೆಯವರು ನಗ್ತೀರಿ. ಇಳಿಜಾರಲ್ಲಿ ಬಿದ್ದದ್ದೆಲ್ಲ ಸಮುದ್ರಕ್ಕೆ. ಹಿಂದೆ ತೋಡಿಗೆ (ಸಣ್ಣ ಹಳ್ಳಕ್ಕೆ) ಮಣ್ಣು-ಕಲ್ಲಿನ ಕಟ್ಟ ಹಾಕ್ತಿದ್ದರು, ಗುಡ್ಡಕ್ಕೆ ಸುರಂಗ ಕೊರೀತಿದ್ದರು. ಅಡ್ಯನಡ್ಕದ ಅಮೈ ಮಹಾಲಿಂಗ ನಾಯ್ಕರು ಕೂಲಿ ಮಾಡ್ತಾ ಒಬ್ಬರೇ ಗುಡ್ಡ ಕೊರೆದು, ಹಲವು ಸಲ ಸೋತು, ಕೊನೆಗೆ ನೀರು ಕಂಡರು. 2022ರಲ್ಲಿ ಪದ್ಮಶ್ರೀ ಬಂತು. ಸುರಂಗದ ನೀರಿಗೆ ಕರೆಂಟೂ ಬೇಡ, ಪಂಪೂ ಬೇಡ. ನಮ್ಮ ಮುರಕಲ್ಲಿಗೆ ಅದು ಸರಿ, ನಿಮ್ಮ ಕಲ್ಲುಬಂಡೆಗೆ ಆಗಲಿಕ್ಕಿಲ್ಲ. ಸುಮ್ನೆ ಹೇಳಿದೆ.

ಸೊಪ್ಪಿನಕ್ಕ

ಕೆಂಪುಮಣ್ಣು, ಇಷ್ಟು ಜನ ಬರೆದರು. ನಿಮ್ಮ ಹೆಂಡತಿ ಏನಂತಾರೆ? ಒಡವೆ ಅವರದು ತಾನೇ?

ಕೆಂಪುಮಣ್ಣು

ಅಕ್ಕ, ನೀವು ಕೇಳಿದ ರಾತ್ರಿಯೇ ಕೇಳಿದೆ. ನಿಜ ಹೇಳಬೇಕು ಅಂದರೆ ಮೊದಲ ಸಲ ಕೇಳಿದ್ದು.

ಅವಳು ಲೆಕ್ಕ ಹಾಕಿಟ್ಟಿದ್ದಳು, ಡೈರಿ ಪುಸ್ತಕದ ಹಿಂದಿನ ಹಾಳೆಯಲ್ಲಿ. ಎರಡು ಬೋರಿಗೆ, ಮೋಟರ್ ಸುಟ್ಟಾಗಲೆಲ್ಲ ಕೊಟ್ಟದ್ದಕ್ಕೆ, ಬಡ್ಡಿಗೆ ಎಷ್ಟು ಹೋಗಿದೆ, ಟೊಮೇಟೊದಿಂದ ಎಷ್ಟು ಬಂದಿದೆ ಅಂತ. ಹಾಲಿನ ದುಡ್ಡು ಇಲ್ಲದಿದ್ದರೆ ಮೂರನೇ ವರ್ಷಕ್ಕೇ ನಾವು ಊರು ಬಿಡಬೇಕಿತ್ತು. ಆ ಹಾಳೆಯನ್ನು ಅವಳೇ ಅಪ್ಪನ ಮುಂದೆ ಇಟ್ಟಳು. ಅಪ್ಪ ಕನ್ನಡಕ ಹಾಕಿಕೊಂಡು ಎರಡು ಸಲ ಓದಿದರು. ಏನೂ ಮಾತಾಡದೆ ಹಸು ಹತ್ತಿರ ಹೋದರು.

ಬೆಳಗ್ಗೆ ಎದ್ದು, ‘ಹುಣಸೆಮರದ ಮೂಲೆ ಬೇಡ, ಹೊಂಡ ಆದರೆ ಕೆಳಗಿನ ಮೂಲೆಗೆ, ನೀರು ಹರಿಯೋದು ಅಲ್ಲಿಗೆ’ ಅಂದರು. ಮಳೆಯಲ್ಲಿ ನೀರು ಯಾವ ಕಡೆ ಓಡುತ್ತೆ ಅನ್ನೋದು ಅವರಿಗೆ ಗೊತ್ತಿರೋ ಅಷ್ಟು ಯಾವ ಎಂಜಿನಿಯರಿಗೂ ಗೊತ್ತಿಲ್ಲ.

ಉದ್ಯೋಗ ಖಾತ್ರಿ ಕಾರ್ಡಿದೆ, ಪಂಚಾಯ್ತಿಯಲ್ಲಿ ಅರ್ಜಿ ಕೊಟ್ಟಿದ್ದೀವಿ. ಕಾಲು ಎಕರೆ ತರಕಾರಿ, ಅರ್ಧ ಎಕರೆ ಮರ ಹಿಪ್ಪುನೇರಳೆ, ಉಳಿದದ್ದಕ್ಕೆ ರಾಗಿ, ಅಕ್ಕಡಿ ಸಾಲು. ಬೋರ್ ಪೂರ್ತಿ ಬಿಟ್ಟಿಲ್ಲ, ‘ಈ ವರ್ಷ ಬೇಡ’ ಅಂದಿದ್ದಾರೆ ಅಷ್ಟೇ.

ಹಳೇತೂಬು

ಕಾಲು ಎಕರೆಗೆ ದಿನಕ್ಕೆ 5,000, ಹೊಂಡದಿಂದ ಆವಿಯಾಗೋದು ದಿನಕ್ಕೆ 700 ಲೀಟರ್ ಹಿಡಿ. ತುಂಬಿದ ಹೊಂಡ ನಲವತ್ತು ದಿನ ಬರುತ್ತೆ. ಸೊಪ್ಪು, ಹುರುಳಿಕಾಯಿ ಮಾಡು. ನಾಲ್ಕು ತಿಂಗಳ ಬೆಳೆ ಬೇಡ. ರಾಗಿಗೆ ಇಟ್ಟ ನೀರಿಗೆ ತರಕಾರಿ ಆಸೆಗೆ ಕೈ ಹಾಕಬೇಡ, ಚಿತ್ತೆ ಮಳೆ ನೋಡಿಕೊಂಡು ಆಮೇಲೆ ಬೀಜ ಹಾಕು.

ಕೆಂಪುಮಣ್ಣು

ನಾಲ್ಕು ತಿಂಗಳಾಯ್ತು, ಹೇಳಿ ಹೋಗೋಣ ಅಂತ ಬಂದೆ. ಹೊಂಡ ಆಯ್ತು. ನಾನೂ ಅಪ್ಪನೂ ಬರಿಗಾಲಲ್ಲಿ ನಡೆದಾಡಿ ಮೂರು ಬಾಂಡಲಿ ಕಲ್ಲು ಆರಿಸಿದೆವು. ಹಾಳೆ ಅಂಚು ಹೂಳೋದಕ್ಕೂ ಸೇರಿ 241 ಚದರ ಮೀಟರ್ ಬೇಕಾಯ್ತು, ಅಂಗಡಿಯವರು 200 ಸಾಕು ಅಂದಿದ್ದರು. ಮೊನ್ನೆ ರಾತ್ರಿ ಮಳೆಗೆ ಏಳು ಅಡಿ ನೀರು ನಿಂತಿದೆ. ಅಪ್ಪ ಬಿದಿರಿಗೆ ಅಡಿಅಡಿಗೂ ಸುಣ್ಣದ ಗೆರೆ ಎಳೆದು ನಡುವೆ ನಿಲ್ಲಿಸಿದ್ದಾರೆ. ಬೆಳಗ್ಗೆ ಹಲ್ಲುಜ್ಜುತ್ತಾ ಹೋಗಿ ಗೆರೆ ನೋಡಿ ಬರ್ತಾರೆ. ದಾರಿಯಲ್ಲಿ ಹೋಗೋರಿಗೆಲ್ಲ ತೋರಿಸ್ತಾರೆ.

ಒಂದು ಅನುಮಾನ. ಉತ್ತರದ ಬದಿಯಲ್ಲಿ ಹಾಳೆ ಕೆಳಗೆ ಗಾಳಿ ತುಂಬಿ ಉಬ್ಬಿದೆ, ಮಡಕೆ ಗಾತ್ರ. ಚುಚ್ಚಬೇಕಾ, ಹಂಗೇ ಬಿಡಬೇಕಾ?

ಸೊಪ್ಪಿನಕ್ಕ

ಚುಚ್ಚಬೇಡಿ! ಮರಳು ತುಂಬಿದ ಚೀಲ ಹಗ್ಗ ಕಟ್ಟಿ ಮೇಲಿಂದ ನಿಧಾನ ಇಳಿಬಿಡಿ. ಕೆಳಗಿನಿಂದ ಮೇಲಕ್ಕೆ ಒತ್ತಿಕೊಂಡು ಬಂದರೆ ಗಾಳಿ ಅಂಚಿಗೆ ಬಂದು ಹೋಗುತ್ತೆ. ಚೀಲದ ಹೊಲಿಗೆ ನೋಡಿ, ಅದರಲ್ಲಿ ತಂತಿ ಇರಬಾರದು.